ಅಪ್ಪ ಒಂದು ದಿನವೂ ಪ್ರೀತಿಯ ಮಾತಾಡಿಲ್ಲ. ಈಗ ಅವರನ್ನು ನೋಡಿಕೊಳ್ಳುವುದು ಪ್ರೀತಿಯಾ, ಸಾಲ ತೀರಿಸಿದ ಹಾಗಾ?

ನಿಮ್ಮ ಅಪ್ಪ ಯಾವತ್ತೂ ಹತ್ತಿರ ಕೂರಿಸಿಕೊಂಡು ಮಾತಾಡಿಲ್ಲ, ಈಗ ವಯಸ್ಸಾಗಿದೆ, ಮನೆಯವರೆಲ್ಲ ಮಗನ ಕರ್ತವ್ಯ ಅಂತ ತಲೆ ತಿನ್ನುತ್ತಿದ್ದಾರೆ ಅಂತ ಬರೆದಿದ್ದೀರಿ. ಪ್ರೀತಿಯೋ ಸಾಲವೋ ನಾನು ಹೇಳಲಾರೆ. ತೊಗರಿ ಬೇಳೆ ವಿಷಯ ಮಾತ್ರ ಹೇಳಬಲ್ಲೆ.

ನಮ್ಮದು ಕಲಬುರಗಿ ಜಿಲ್ಲೆ, ಆಳಂದ ತಾಲೂಕಿನ ಒಂದು ಹಳ್ಳಿ. ಮಳೆ ನಂಬಿದ ಎರೆ ಹೊಲ. ನಾನು ಬೆಂಗಳೂರು ಸೇರಿ 12 ವರ್ಷ ಆಯಿತು, ಅಪ್ಪನ ಫೋನ್ ಒಂದು ನಿಮಿಷ ದಾಟಿದ್ದು ನೆನಪಿಲ್ಲ. "ಆರಾಮ ಅದೀಯಿಲ್ಲ? ಮಳಿ ಆಯ್ತೇನು ಆ ಕಡಿ? ಇಡ್ತೀನಿ." ಮುಗೀತು. (ನಮ್ಮ ಕಡೆ ಅಪ್ಪನಿಗೆ ಏಕವಚನವೇ, ಮರ್ಯಾದೆ ಇಲ್ಲ ಅಂದುಕೊಳ್ಳಬೇಡಿ.)

ಪ್ರತಿ ವರ್ಷ ಎಳ್ಳ ಅಮಾವಾಸ್ಯೆ ಕಳೆದು ರಾಶಿ ಆದ ಮೇಲೆ, ರಾತ್ರಿ ಬಸ್ಸಿನ ಡ್ರೈವರ್ ಕೈಗೆ ಒಂದಿಷ್ಟು ದುಡ್ಡು ಕೊಟ್ಟು 10 ಕೆಜಿ ಬೇಳೆ ಕಳಿಸುತ್ತಾನೆ. ಮನೆಯಲ್ಲಿ ಇರುವುದು ಇಬ್ಬರು. ಅರ್ಧಕ್ಕೆ ಹುಳು ಬೀಳುತ್ತದೆ, ಸಾಕು ಅಂತ ಹೇಳಬಾರದಾ ಅಂತ ಹೆಂಡತಿ ಬೈಯುತ್ತಾಳೆ. ನಾನು ಹೇಳಿಲ್ಲ. ಮಾರನೇ ದಿನ ಅಪ್ಪನ ಫೋನ್ ಬರುತ್ತದೆ: "ಬ್ಯಾಳಿ ಮುಟ್ಟಿತೇನು?" "ಮುಟ್ಟಿತು."

ಒಂದು ವರ್ಷ ತೊಗರಿಗೆ ನೆಟೆ ರೋಗ ಬಂತು. ಮಣ್ಣಲ್ಲಿರುವ ಶಿಲೀಂಧ್ರ ಬೇರಿನಿಂದ ಒಳಹೊಕ್ಕು ಗಿಡಕ್ಕೆ ನೀರು ಏರದ ಹಾಗೆ ಮಾಡುತ್ತದೆ, ಹೂ ಕಾಯಿ ಹಿಡಿಯುವ ಹೊತ್ತಿಗೆ ಗಿಡ ನಿಂತಲ್ಲೇ ಒಣಗುತ್ತದೆ. ನಮ್ಮ ಹೊಲ ಪೂರ್ತಿ ಹೋಯಿತು. ಈ ಸಲ ಚೀಲ ಬರಲ್ಲ ಅಂದುಕೊಂಡಿದ್ದೆ. ಬಂತು. ಬಿಚ್ಚಿ ಕೈ ಹಾಕಿದೆ. ಅವ್ವ ಬೀಸುಕಲ್ಲಲ್ಲಿ ಒಡೆದ ಬೇಳೆ ನನಗೆ ಕಣ್ಣು ಮುಚ್ಚಿದರೂ ಗೊತ್ತಾಗುತ್ತದೆ, ಒಂದು ದಪ್ಪ ಒಂದು ಸಣ್ಣ, ಅಂಚಿಗೆ ಅಂಟಿದ ಸಿಪ್ಪೆ, ತಳದಲ್ಲಿ ನುಚ್ಚು. ಇದು ಎಲ್ಲಾ ಒಂದೇ ಅಳತೆ, ಮಿಲ್ಲಿನ ಪಾಲಿಶ್, ಬೆರಳಿಗೆ ಜಿಡ್ಡು. ಕಲಬುರಗಿ ಗಂಜ್ ಮಾರುಕಟ್ಟೆಯಲ್ಲಿ ಕೊಂಡು, ನಮ್ಮ ಹಳೇ ಚೀಲಕ್ಕೆ ಸುರಿದು, ಬಾಯಿಗೆ ಪ್ರತಿ ವರ್ಷದ ಹಾಗೇ ಸುತಳಿಯಲ್ಲಿ ಹೊಲಿದು ಕಳಿಸಿದ್ದ. ಬೀಜ ಗೊಬ್ಬರದ ಸಾಲ ಹಾಗೇ ಇತ್ತು. ಮಾರನೇ ದಿನ ಫೋನ್. "ಮುಟ್ಟಿತು" ಅಂದೆ, ಅಷ್ಟೇ. ನಾನೂ ಅವನ ಮಗನೇ ಅಲ್ವಾ.

ಇಲ್ಲಿಗೆ ನಿಲ್ಲಿಸಿದರೆ ಇದು ವಾಟ್ಸಾಪ್ ಫಾರ್ವರ್ಡ್ ಆಗುತ್ತದೆ. ಹೇಳದ ಪ್ರೀತಿಯೇ ದೊಡ್ಡದು ಅನ್ನುವ ಮಾತು ನನಗೆ ಆಗಿಬರಲ್ಲ. ಯಾಕಂದ್ರೆ ಅದೇ ಬಾಯಿಬಿಡದ ಗುಣಕ್ಕೆ ಅಪ್ಪ ಒಂದು ಕಾಲ್ಬೆರಳು ಕಳೆದುಕೊಂಡ. ತೊಗರಿ ಕೊಯ್ದ ಹೊಲದ ಕೂಳೆ ಚುಚ್ಚಿತ್ತು. ಅವನಿಗೆ ಶುಗರ್. ಶುಗರ್ ಇದ್ದ ಎಷ್ಟೋ ಜನಕ್ಕೆ ಕಾಲಿನ ನರ ಸತ್ತು ನೋವೇ ಗೊತ್ತಾಗಲ್ಲ, ಗಾಯ ಬೇಗ ಮಾಯುವುದೂ ಇಲ್ಲ. ಒಂದೂವರೆ ತಿಂಗಳು ಬಟ್ಟೆ ಸುತ್ತಿಕೊಂಡು ತಿರುಗಿದ್ದಾನೆ. ಅಷ್ಟೂ ದಿನ ಫೋನಲ್ಲಿ "ಆರಾಮ ಅದೀನಿ." ನಾನು ಊರಿಗೆ ಹೋದಾಗ ಬೆರಳು ಕಪ್ಪಾಗಿತ್ತು. ಅವ್ವನನ್ನು ಕೇಳಿದರೆ, "ಅವಗ್ಯಾಕ ತ್ರಾಸ, ಹೇಳಬ್ಯಾಡ ಅಂದಿದ್ದ" ಅಂದಳು. ಆಸ್ಪತ್ರೆ ವರಾಂಡದಲ್ಲಿ ನನಗೆ ಅಳು ಬರಲಿಲ್ಲ, ಸಿಟ್ಟು ಬಂತು. ಅವನ ಮೇಲೆ ಅರ್ಧ. ಹನ್ನೆರಡು ವರ್ಷ ಬರೀ "ಮುಟ್ಟಿತು" ಅಂದ ನನ್ನ ಮೇಲೆ ಅರ್ಧ.

ಕರ್ತವ್ಯದ ವಿಷಯಕ್ಕೆ ಬಂದರೆ, ಅದಕ್ಕೆ ಕಾನೂನೇ ಇದೆ. ಹಿರಿಯ ನಾಗರಿಕರ 2007ರ ಕಾಯ್ದೆ ಪ್ರಕಾರ ಮಕ್ಕಳು ಕೈಬಿಟ್ಟರೆ ತಂದೆತಾಯಿ ಎಸಿ (ಉಪವಿಭಾಗಾಧಿಕಾರಿ) ಆಫೀಸಿಗೆ ಅರ್ಜಿ ಹಾಕಬಹುದು, ತಿಂಗಳಿಗೆ 10,000 ರೂಪಾಯಿವರೆಗೆ ಕೊಡಿಸುತ್ತಾರೆ. ಮಕ್ಕಳ ಈ ಕರ್ತವ್ಯಕ್ಕೆ ಚೀನಾದವರು ಶಿಯಾವ್ ಅನ್ನುತ್ತಾರೆ. ಆ ಅಕ್ಷರದಲ್ಲಿ ಮೇಲೆ ಮುದುಕ, ಕೆಳಗೆ ಮಗು, ನಮ್ಮ ಶ್ರವಣಕುಮಾರನ ಹಾಗೆ. ಅಲ್ಲೂ ಮನೆಮನೆಯಲ್ಲಿ ಇದೇ ಪಾಡು ಇರಬೇಕು, ಇಲ್ಲಾಂದ್ರೆ ದೂರ ಇರುವ ಮಕ್ಕಳು ಆಗಾಗ ಹೋಗಿ ನೋಡಬೇಕು, ವಿಚಾರಿಸಬೇಕು ಅಂತ 2013ರಲ್ಲಿ ಕಾನೂನನ್ನೇ ಜಾರಿಗೆ ತರುತ್ತಿದ್ದರಾ? ಹೋಗಬಹುದು ಬಿಡಿ, ನಾನೂ ಹೋಗುತ್ತಿದ್ದೆ. ಬಟ್ಟೆ ಬಿಚ್ಚಿ ಕಾಲು ತೋರಿಸು ಅಂತ ಕೇಳಿರಲಿಲ್ಲ ಅಷ್ಟೇ.

ನಿಮ್ಮ ಅಪ್ಪ ಹೊಡೆದು ಬಡಿದು ಮಾಡಿದವರಾದರೆ ಲೆಕ್ಕ ಬೇರೆ, ಯಾರೋ ಹೇಳಿದರು ಅಂತ ಪ್ರೀತಿ ಹುಟ್ಟಿಸಿಕೊಳ್ಳಲು ಹೋಗಬೇಡಿ. ಬರೀ ಮೌನವಾದರೆ, ಅವರು ಮೊದಲು ಮಾತಾಡಲಿ ಅಂತ ಕಾಯಬೇಡಿ, ಅವರು ಮಾತಾಡಲ್ಲ. ಹೇಗಿದ್ದೀರಿ ಅಂತಲೂ ಕೇಳಬೇಡಿ, "ಆರಾಮ" ಅಂತಾರೆ. ಬಿಪಿ ಎಷ್ಟು ಬಂತು, ಗುಳಿಗೆ ಎಷ್ಟು ಉಳಿದಿವೆ, ಹೀಗೆ ಎಣಿಸಿ ಹೇಳಬೇಕಾದ್ದನ್ನೇ ಕೇಳಿ.

ನಾನೀಗ ಭಾನುವಾರ ವಿಡಿಯೋ ಕಾಲ್ ಮಾಡುತ್ತೇನೆ. ಅಪ್ಪ ಮುಖ ತೋರಿಸಲ್ಲ. ಫೋನ್ ಎತ್ತಿದ ಕೂಡಲೇ ಕ್ಯಾಮೆರಾ ಕೆಳಗಿಳಿಸಿ ಮೊದಲು ಎಡಗಾಲು, ಆಮೇಲೆ ಬಲಗಾಲು, ಬೆರಳು ಅಗಲಿಸಿ ತೋರಿಸುತ್ತಾನೆ. "ನೋಡ್ದಿ?" "ನೋಡ್ದೆ." "ಇಡ್ತೀನಿ."