ಮೂರು ಸಾವಿರ ವರ್ಷದ ಹಿಂದಿನ ಸದ್ದನ್ನು ಅಳೆಯಬಹುದೇ?

ಪ್ರಿಯ ಓದುಗರೇ,

ಕಳೆದ ಸಂಚಿಕೆಯಲ್ಲಿ ಪ್ರಾಚೀನ ಕಾಲದ ಸದ್ದಿನ ಬಗ್ಗೆ ಬಂದ ಲೇಖನ ಓದಿ, ‘ಆಗಿನ ಸದ್ದು ಆಗಲೇ ಗಾಳಿಗೆ ಹೋಯಿತು. ಈಗ ಅಳೆಯುತ್ತೇವೆ ಅನ್ನುವುದು ಸುಮ್ನೆ ಊಹೆ ಅಲ್ವಾ? ಇಂಥದ್ದು ನಮ್ಮ ಕಡೆ ಇದೆಯಾ?’ ಎಂದು ಕೇಳಿದ್ದೀರಿ.

ಆಗ ಯಾವ ಹಾಡು ಹಾಡಿದರು, ಯಾವ ತಾಳ ಹಾಕಿದರು ಎಂಬುದು ಯಾವ ಯಂತ್ರಕ್ಕೂ ಸಿಗುವುದಿಲ್ಲ. ಅಲ್ಲಿಯವರೆಗೆ ನಿಮ್ಮ ಮಾತು ಒಪ್ಪುತ್ತೇನೆ. ಆದರೆ ವಾದ್ಯವೂ ಸಿಕ್ಕಿ, ಅದನ್ನು ಊದಿದ ಜಾಗವೂ ಉಳಿದಿದ್ದರೆ ಕಥೆಯೇ ಬೇರೆ.

ಪೆರು ದೇಶದ ಚಾವಿನ್ ದೆ ವಾಂತಾರ್ ನೋಡಿ. ಆಂಡಿಸ್ ಬೆಟ್ಟಗಳಲ್ಲಿ ಮೂರು ಸಾವಿರ ಮೀಟರಿಗೂ ಎತ್ತರದಲ್ಲಿರುವ, ಸುಮಾರು ಮೂರು ಸಾವಿರ ವರ್ಷ ಹಳೆಯ ಕಲ್ಲಿನ ದೇವಾಲಯ ಅದು. ಒಳಗೆಲ್ಲ ಇಕ್ಕಟ್ಟಾದ, ಕತ್ತಲೆ ತುಂಬಿದ ಓಣಿಗಳು. 2001ರಲ್ಲಿ ಪುರಾತತ್ತ್ವ ತಜ್ಞ ಜಾನ್ ರಿಕ್ ಅವರ ತಂಡಕ್ಕೆ ಅಲ್ಲಿನ ಒಂದು ಕೋಣೆಯಲ್ಲಿ 20 ಶಂಖಗಳು ಸಿಕ್ಕವು. ಅಲ್ಲಿನವರು ಇವನ್ನು ಪುಟುಟು ಅನ್ನುತ್ತಾರೆ. ಬೆಚ್ಚಗಿನ ಕಡಲಿನ ದೊಡ್ಡ ಚಿಪ್ಪುಗಳು, ಅಷ್ಟು ದೂರದಿಂದ ಬೆಟ್ಟ ಹತ್ತಿಸಿ ತಂದವು. ತುದಿ ಕತ್ತರಿಸಿ ಊದುವ ಬಾಯಿ ಮಾಡಿದ್ದಾರೆ, ಮೇಲೆ ಚಿತ್ರ ಕೆತ್ತಿದ್ದಾರೆ. ಕೈಯಿಂದ ಕೈಗೆ ಬಂದು ಕೆಲವುಗಳ ಮೈ ಸವೆದು ನುಣುಪಾಗಿದೆ. ನೋಟಕ್ಕೆ ಇಟ್ಟ ವಸ್ತು ಹಾಗೆ ಸವೆಯುವುದಿಲ್ಲ.

ಆಮೇಲೆ ಪ್ರಾಚೀನ ಜಾಗಗಳ ಸದ್ದನ್ನು ಅಧ್ಯಯನ ಮಾಡುವ ಮಿರಿಯಂ ಕೋಲಾರ್ ಮತ್ತು ಅಮೆರಿಕದ ಸ್ಟ್ಯಾನ್‌ಫರ್ಡ್ ವಿಶ್ವವಿದ್ಯಾಲಯದ ಸಂಗಡಿಗರು ಆ ಶಂಖಗಳನ್ನೇ ಊದಿಸಿ ರೆಕಾರ್ಡ್ ಮಾಡಿದರು. ಓಣಿಗಳಲ್ಲಿ ಸ್ಪೀಕರ್ ಇಟ್ಟು, ತಗ್ಗು ಸ್ವರದಿಂದ ಮೇಲಿನ ಸ್ವರದವರೆಗೆ ಏರುವ ಒಂದೇ ಸದ್ದು ಬಿಟ್ಟು, ಅಲ್ಲಲ್ಲಿ ಇಟ್ಟ ಮೈಕುಗಳಲ್ಲಿ ಅದು ಹೇಗೆ ಬಂತು ಎಂದು ಲೆಕ್ಕ ಹಾಕಿದರು. ಗೋಡೆಗಳು ಹತ್ತಿರ ಇರುವುದರಿಂದ ಸದ್ದು ಎಲ್ಲ ಕಡೆಯಿಂದ ತಟ್ಟನೆ ವಾಪಸ್ ಬರುತ್ತದೆ, ಅಷ್ಟೇ ಬೇಗ ನಿಂತೂ ಹೋಗುತ್ತದೆ. ಜನರನ್ನು ಒಳಗೆ ಕೂರಿಸಿ ‘ಸದ್ದು ಎಲ್ಲಿಂದ ಬಂತು?’ ಎಂದೂ ಕೇಳಿದರು. ಹೇಳುವುದು ಕಷ್ಟವಾಯಿತು. ಇನ್ನೊಂದು ಸಂಗತಿ ನನಗೆ ಇದಕ್ಕಿಂತ ಜಾಸ್ತಿ ಮುಖ್ಯ. ಲಾನ್‌ಸೋನ್ ಎಂಬ ಎತ್ತರದ ದೇವಶಿಲೆ ನಿಂತಿರುವ ಓಣಿಯಿಂದ ಹೊರಗಿನ ವೃತ್ತಾಕಾರದ ಅಂಗಳದ ಕಡೆಗೆ ಕಲ್ಲಿನ ಕೊಳವೆಗಳಿವೆ. ಅವು ಶಂಖದ ಸ್ವರಗಳನ್ನು ಉಳಿದವುಗಳಿಗಿಂತ ಚೆನ್ನಾಗಿ ಹೊರಗೆ ದಾಟಿಸುತ್ತವೆ.

ಹಾಗಾದರೆ ಶಂಖಕ್ಕೆಂದೇ ಕೊಳವೆ ಕಟ್ಟಿದರಾ? ಅಳತೆ ಅಷ್ಟನ್ನು ಹೇಳುವುದಿಲ್ಲ. ಗಾಳಿ ಬೆಳಕಿಗೂ ಅವು ಬೇಕಿದ್ದಿರಬಹುದು. ಈ ವಿಷಯದಲ್ಲಿ ಆತುರಪಟ್ಟು ಬರೆಯುವವರು ಬಹಳ ಮಂದಿ ಇದ್ದಾರೆ. ನಿಮ್ಮ ಅನುಮಾನವನ್ನು ಅಲ್ಲಿಗೆ ತಪ್ಪದೆ ಇಟ್ಟುಕೊಳ್ಳಿ.

ಇನ್ನು ನಮ್ಮ ಕಡೆ. ಹಂಪಿಯ ಸಂಗೀತದ ಕಂಬಗಳು ಎಲ್ಲರಿಗೂ ಗೊತ್ತು. ಅವಕ್ಕಿಂತ ಸಾವಿರಾರು ವರ್ಷ ಹಳೆಯದು ಬಳ್ಳಾರಿ ಹತ್ತಿರದ ಕಪ್ಪಗಲ್ಲು ಗುಡ್ಡ. ಕರಿಬಂಡೆಗಳ ಮೇಲೆ ನವಶಿಲಾಯುಗದವರು ಗೂಳಿ, ದನಗಳ ಚಿತ್ರ ಕೊರೆದಿದ್ದಾರೆ. ಅಲ್ಲೇ ಕೆಲವು ಬಂಡೆಗಳಲ್ಲಿ ಬಡಿದು ಬಡಿದು ಬಿದ್ದ ಗುಳಿಗಳಿವೆ. ಆ ಗುಳಿಗೆ ಸಣ್ಣ ಕಲ್ಲಿನಿಂದ ತಟ್ಟಿದರೆ ಗಂಟೆ ಬಾರಿಸಿದ ಹಾಗೆ ಕೇಳುತ್ತದೆ. 2004ರಲ್ಲಿ ಪುರಾತತ್ತ್ವ ತಜ್ಞೆ ನಿಕೋಲ್ ಬೊಯಿವಿನ್ ಇದನ್ನು ಬರೆದಾಗಲೇ ಕಲ್ಲುಗಣಿಗಾರಿಕೆ ಗುಡ್ಡವನ್ನು ಕೊರೆಯುತ್ತಿತ್ತು. ಚಿತ್ರದ ಫೋಟೊ ತೆಗೆದಿಡಬಹುದು. ಆದರೆ ಬಂಡೆ ಒಡೆದರೆ ಅದರ ಸ್ವರ ಮತ್ತೆ ಬರುವುದಿಲ್ಲ. ಹಾಗಾಗಿ ಯಾವ ಬಂಡೆ ಎಲ್ಲಿದೆ, ಅದರ ಸದ್ದು ಎಷ್ಟು ದೂರ ಕೇಳುತ್ತದೆ ಎಂಬುದನ್ನು ಬಂಡೆಗಳು ಇರುವಾಗಲೇ ರೆಕಾರ್ಡ್ ಮಾಡಬೇಕು. ನಮ್ಮ ಇಂಜಿನಿಯರಿಂಗ್ ಕಾಲೇಜುಗಳಲ್ಲಿ ಮೈಕೂ ಇದೆ, ಹುಡುಗರೂ ಇದ್ದಾರೆ.

– ಸಂಪಾದಕ