‘ಕ್ಲೀನ್ ಮಾಡಿದ್ದೇವೆ’ ಎಂದರೆ ಏನು ಮಾಡಿದ್ದಾರೆ?

(ದಾವಣಗೆರೆಯ ಓದುಗರೊಬ್ಬರ ಪತ್ರದ ಸಾರ: ಸಕ್ಕರೆ ಕಾಯಿಲೆಯ ತಂದೆಯವರಿಗೆ ಬಲಗಾಲಿನ ಅಂಗಾಲಲ್ಲಿ ಹುಣ್ಣಾಗಿ ಆಪರೇಷನ್ ಆಯಿತು. ವಾರ್ಡಿನಲ್ಲಿ ‘ಗಾಯ ಕ್ಲೀನ್ ಮಾಡಿದ್ದೇವೆ’ ಎಂದರು. ಮೂರನೆಯ ದಿನ ಮತ್ತೆ ಥಿಯೇಟರಿಗೆ ಒಯ್ದರು. ರೂಪಾಯಿ ನಾಣ್ಯದಷ್ಟಿದ್ದ ಗಾಯ ಅಂಗೈ ಅಗಲವಾಗಿದೆ. ಡಿಸ್ಚಾರ್ಜ್ ಸಮ್ಮರಿಯಲ್ಲಿ ‘ಡಿಬ್ರೈಡ್‌ಮೆಂಟ್’ ಎಂದಿದೆ. ಒಪ್ಪಿಗೆ ಪತ್ರದಲ್ಲಿ ‘ಡಿಬ್ರೈಡ್‌ಮೆಂಟ್ ಎಸ್‌ಒಎಸ್ ಆಂಪ್ಯುಟೇಶನ್’ ಎಂದಿತ್ತು. ನಿಮ್ಮ ಪತ್ರಿಕೆಯೇ ಹಿಂದೊಮ್ಮೆ ಇದನ್ನು ‘ಗಾಯ ಶುಚಿಗೊಳಿಸುವಿಕೆ’ ಎಂದು ಬರೆದಿತ್ತು. ಶುಚಿ ಮಾಡಿದರೆ ಗಾಯ ದೊಡ್ಡದಾಗುವುದು ಹೇಗೆ? ಈ ಪದದ ಸರಿಯಾದ ಅರ್ಥವೇನು, ಕನ್ನಡದಲ್ಲಿ ಏನನ್ನಬೇಕು?)

ಮಾನ್ಯರೇ,

ಮೊದಲಿಗೆ ನಮ್ಮ ತಪ್ಪು. ‘ಶುಚಿಗೊಳಿಸುವಿಕೆ’ ಎಂದು ಬರೆದದ್ದು ಸರಿಯಲ್ಲ. ಉಪ್ಪುನೀರಿನಲ್ಲಿ ತೊಳೆದು, ಒರೆಸಿ, ಪಟ್ಟಿ ಕಟ್ಟುವುದು ಶುಚಿ. ನಿಮ್ಮ ತಂದೆಯವರಿಗೆ ಮಾಡಿದ್ದು ಕೊಯ್ತ. ಸತ್ತ ಮಾಂಸ, ಕೊಳೆತ ಕೊಬ್ಬು, ಹಾಳಾದ ಸ್ನಾಯುರಜ್ಜು, ಬೇಕಾದರೆ ಮೂಳೆಯ ಚೂರು, ಇಷ್ಟನ್ನೂ ಜೀವವಿರುವ ಭಾಗ ಸಿಗುವವರೆಗೆ ಕತ್ತರಿಸಿ ತೆಗೆಯುವುದಕ್ಕೆ ಡಿಬ್ರೈಡ್‌ಮೆಂಟ್ ಎನ್ನುತ್ತಾರೆ. ‘ಜೀವವಿರುವ ಭಾಗ ಸಿಗುವವರೆಗೆ’ ಎಂಬ ಮಾತೇ ಇಲ್ಲಿ ಮುಖ್ಯ. ಎಷ್ಟು ತೆಗೆಯಬೇಕು ಎಂಬುದನ್ನು ಗಾಯದ ಬಾಯಿ ಹೇಳುವುದಿಲ್ಲ, ಒಳಗೆ ಸತ್ತಿರುವುದು ಎಷ್ಟು ಎಂಬುದು ಹೇಳುತ್ತದೆ. ಹೊರಗೆ ರೂಪಾಯಿಯಷ್ಟು ಕಾಣುವ ಹುಣ್ಣಿನ ಕೆಳಗೆ ಅಂಗೈಯಷ್ಟು ಕೊಳೆತಿರುವುದು ಮಧುಮೇಹಿಗಳ ಪಾದದಲ್ಲಿ ದಿನನಿತ್ಯದ ಸಂಗತಿ. ಗಾಯ ದೊಡ್ಡದಾಗಿದ್ದು ಆಪರೇಷನ್ನಿನಿಂದಲ್ಲ. ಮೊದಲೇ ಅಷ್ಟಿದ್ದದ್ದು ಈಗ ಕಣ್ಣಿಗೆ ಬಿದ್ದಿದೆ.

ಇನ್ನು ಪದ. ಇದಕ್ಕೂ ಕಸಕಡ್ಡಿ ಎಂಬ ಅರ್ಥದ ‘ಡೆಬ್ರಿ’ಗೂ ನಂಟಿಲ್ಲ. ಉಚ್ಚಾರ ಹತ್ತಿರವಿರುವುದರಿಂದ ವೈದ್ಯ ವಿದ್ಯಾರ್ಥಿಗಳೇ ಎಷ್ಟೋ ಜನ ಹಾಗೆಂದುಕೊಂಡಿರುತ್ತಾರೆ. ಮೂಲ ಫ್ರೆಂಚ್. ‘ಬ್ರೀಡ್’ ಎಂದರೆ ಕುದುರೆಯ ಕಡಿವಾಣ. ‘ದೆಬ್ರೀದೆ’ ಎಂದರೆ ಕಡಿವಾಣ ಬಿಚ್ಚು. ಇದನ್ನು ಶಸ್ತ್ರಚಿಕಿತ್ಸೆಯ ಮಾತಾಗಿ ರೂಢಿಗೆ ತಂದವನೆಂದು ಪ್ಯಾರಿಸ್ಸಿನ ಓತೆಲ್ ದ್ಯೂ ಆಸ್ಪತ್ರೆಯ ಪಿಯೆರ್ ಜೋಸೆಫ್ ದೆಸೊನ ಹೆಸರು ಹೇಳುವುದು ವಾಡಿಕೆ. 1795ರಲ್ಲಿ ತೀರಿಕೊಂಡ ಈತನ ಶಿಷ್ಯ ಲಾರೆ ಮುಂದೆ ನೆಪೋಲಿಯನ್ನನ ಸೈನ್ಯದ ಶಸ್ತ್ರವೈದ್ಯನಾದ. ಗುಂಡು ಹೊಕ್ಕ ತೊಡೆ ಒಳಗೊಳಗೇ ಊದಿಕೊಳ್ಳುತ್ತದೆ. ಆದರೆ ಮಾಂಸವನ್ನು ಸುತ್ತಿದ ಗಟ್ಟಿ ಪೊರೆ ಹಿಗ್ಗುವುದಿಲ್ಲ. ಒತ್ತಡಕ್ಕೆ ರಕ್ತ ಹರಿಯುವುದು ನಿಂತು ಮಾಂಸ ಸಾಯುತ್ತದೆ. ಆ ಪೊರೆಯನ್ನು ಉದ್ದಕ್ಕೆ ಸೀಳಿ ಬಿಗಿತ ಬಿಡಿಸುವುದೇ ಆಗ ‘ಕಡಿವಾಣ ಬಿಚ್ಚುವುದು’. ಇಂದು ಅದಕ್ಕೆ ಫೇಸಿಯಾಟಮಿ ಎನ್ನುತ್ತೇವೆ. ಸತ್ತದ್ದನ್ನು ತೆಗೆಯುವ ಅರ್ಥ ಆಮೇಲೆ ಬಂದು ಕೂತಿತು. 1914–18ರ ಯುದ್ಧದಲ್ಲಿ, ಗೊಬ್ಬರ ಹಾಕಿದ ಹೊಲಗಳ ಮಣ್ಣು ಗಾಯಕ್ಕೆ ಸೇರಿ ಗ್ಯಾಸ್ ಗ್ಯಾಂಗ್ರೀನ್ (ಮಾಂಸದೊಳಗೆ ಗಾಳಿ ತುಂಬಿಸಿ ಕೊಳೆಸುವ ಸೋಂಕು) ಹಬ್ಬಿದಾಗ, ಬೆಲ್ಜಿಯಮ್ಮಿನ ಆಂತ್ವಾನ್ ದೆಪಾಜ್ ಮುಂತಾದವರು ಕೆಟ್ಟ ಮಾಂಸ ಕತ್ತರಿಸಿ, ಗಾಯವನ್ನು ಹೊಲಿಯದೆ ಬಿಟ್ಟು, ಕೆಲವು ದಿನ ಕಳೆದು ಮುಚ್ಚುವ ಕ್ರಮವನ್ನು ಗಟ್ಟಿ ಮಾಡಿದರು. ತಮಾಷೆಯೆಂದರೆ ಫ್ರೆಂಚರಲ್ಲಿ ಆ ಪದಕ್ಕೆ ಇಂದಿಗೂ ಸೀಳಿ ಬಿಡಿಸುವ ಅರ್ಥವೇ ಮುಂದು; ಸತ್ತದ್ದನ್ನು ತೆಗೆಯುವುದಕ್ಕೆ ಅವರು ‘ಪರಾಜ್’ ಎಂಬ ಬೇರೆ ಮಾತು ಬಳಸುತ್ತಾರೆ. ನಮಗೆ ಬಂದದ್ದು ಇಂಗ್ಲಿಷರ ಅರ್ಥ.

ಉಚ್ಚಾರದ ಬಗ್ಗೆ ತಲೆ ಕೆಡಿಸಿಕೊಳ್ಳಬೇಡಿ. ನಿಘಂಟು ‘ಡಿಬ್ರೀಡ್‌ಮೆಂಟ್’ ಎನ್ನುತ್ತದೆ, ನಮ್ಮ ವಾರ್ಡುಗಳು ‘ಡಿಬ್ರೈಡ್‌ಮೆಂಟ್’ ಎನ್ನುತ್ತವೆ. ಎರಡೂ ನಡೆಯುತ್ತದೆ.

ಮಧುಮೇಹಿಯ ಪಾದದಲ್ಲಿ ಹಳೆಯ ಅರ್ಥ, ಹೊಸ ಅರ್ಥ ಎರಡೂ ಒಂದೇ ಮೇಜಿನ ಮೇಲೆ ಕೂಡುತ್ತವೆ. ಅಂಗಾಲಿನ ಆಣಿಯ ಕೆಳಗೆ ಹುಟ್ಟಿದ ಕೀವು ಹೊರಬರಲು ದಾರಿಯಿಲ್ಲದೆ ಸ್ನಾಯುರಜ್ಜುಗಳ ಗುಂಟ ಹಿಮ್ಮಡಿಯ ಕಡೆಗೆ ಹರಿಯುತ್ತದೆ. ಸ್ಪರ್ಶಜ್ಞಾನ ಹೋಗಿರುವುದರಿಂದ ನೋವಿಲ್ಲ. ಶಸ್ತ್ರವೈದ್ಯರು ಬೆನ್ನಿಗೆ ಅಥವಾ ಕಣಕಾಲಿಗೆ ಮರಗಟ್ಟಿಸುವ ಇಂಜೆಕ್ಷನ್ ಕೊಟ್ಟು (ಸಮ್ಮರಿಯಲ್ಲಿ ‘ಎಸ್‌ಎ’ ಎಂದಿದ್ದರೆ ಅದು ಸ್ಪೈನಲ್ ಅನಸ್ತೇಶಿಯಾ) ಮೊದಲು ಮಾಡುವುದು, ಮೊಂಡು ಸಲಾಕೆ ತೂರಿಸಿ ಕೀವಿನ ದಾರಿ ಎಲ್ಲಿಯವರೆಗೆ ಹೋಗಿದೆ ಎಂದು ನೋಡುವುದು. ಸಲಾಕೆಯ ತುದಿಗೆ ಗಟ್ಟಿಯಾಗಿ, ಕಲ್ಲು ತಗುಲಿದಂತೆ ಏನಾದರೂ ತಾಕಿದರೆ ಮೂಳೆಗೂ ಸೋಂಕು ಇಳಿದಿರಬಹುದು ಎಂಬ ಅನುಮಾನ. ಆಮೇಲೆ ಆ ದಾರಿಯ ಉದ್ದಕ್ಕೂ ಸೀಳುತ್ತಾರೆ. ಪಾದವನ್ನು ಹಿಮ್ಮಡಿಯಿಂದ ಬೆರಳ ಕಡೆಗೆ ಒತ್ತಿದಾಗ ಇನ್ನೂ ಕೀವು ಜಿನುಗಿದರೆ ಸೀಳು ಸಾಲದು ಎಂದರ್ಥ.

ಮುಂದಿನದು ಕಣ್ಣು, ಕೈಗಳ ಕೆಲಸ. ಕೊಬ್ಬು ಹಳದಿಯಾಗಿ ಹೊಳೆಯುತ್ತಿದ್ದರೆ ಬದುಕಿದೆ. ಮಂಕು ಬೂದಿಯಾಗಿದ್ದರೆ ಸತ್ತಿದೆ. ಸತ್ತ ಸ್ನಾಯುರಜ್ಜು ತೊಯ್ದ ಸೆಣಬಿನ ನಾರಿನಂತೆ ಎಳೆಎಳೆಯಾಗಿ ಬಿಚ್ಚಿಕೊಳ್ಳುತ್ತದೆ. ಮಾಂಸಕ್ಕೆ ನಾಲ್ಕು ಪರೀಕ್ಷೆ: ಬಣ್ಣ ಕೆಂಪೋ ಕಂದೋ, ಹಿಡಿದರೆ ಬಿಗುವಿದೆಯೋ ಹಿಟ್ಟಿನಂತೆ ಕಿತ್ತು ಬರುತ್ತದೋ, ಚಿಮುಟದಿಂದ ಚಿವುಟಿದರೆ ಅದುರುತ್ತದೋ, ಕತ್ತರಿಸಿದ ಅಂಚು ರಕ್ತ ಕಾರುತ್ತದೋ. ಕೊನೆಯದನ್ನು ನೋಡಬೇಕೆಂದೇ ಎಷ್ಟೋ ವೈದ್ಯರು ತೊಡೆಗೆ ಟೂರ್ನಿಕೆ ಪಟ್ಟಿ ಬಿಗಿಯುವುದಿಲ್ಲ, ಬಿಗಿದರೂ ಮಧ್ಯೆ ಸಡಿಲಿಸುತ್ತಾರೆ. ರಕ್ತ ತಡೆದಿಟ್ಟರೆ ಸತ್ತದ್ದೂ ಬದುಕಿದ್ದೂ ಒಂದೇ ಥರ ಕಾಣುತ್ತದೆ. ಮೂಳೆಯನ್ನು ಕೆರೆಯುವಾಗ ಅದರ ಮೇಲೆ ಸಣ್ಣ ಕೆಂಪು ಚುಕ್ಕಿಗಳು, ರಾಗಿ ಕಾಳು ಚೆಲ್ಲಿದಂತೆ, ಎದ್ದು ಬಂದರೆ ಅಲ್ಲಿಗೆ ನಿಲ್ಲಿಸುತ್ತಾರೆ.

ಯಾವ ಬ್ಯಾಕ್ಟೀರಿಯಾ ಎಂದು ಬೆಳೆಸಿ ನೋಡುವ ಕಲ್ಚರ್ ಪರೀಕ್ಷೆಗೆ ಮಾದರಿಯನ್ನು ಈ ಆಳದಿಂದಲೇ ಕತ್ತರಿಸಿ ಕಳಿಸಬೇಕು. ಮೇಲಿನ ಕೀವನ್ನು ಹತ್ತಿಯಲ್ಲಿ ಒರೆಸಿ ಕಳಿಸಿದರೆ ಚರ್ಮದ ಮೇಲೆ ವಾಸವಿರುವ ಬ್ಯಾಕ್ಟೀರಿಯಾಗಳೆಲ್ಲ ವರದಿಯಲ್ಲಿ ಬಂದು, ಬೇಡದ ಆಂಟಿಬಯಾಟಿಕ್ ಶುರುವಾಗುತ್ತದೆ. ಆಂಟಿಬಯಾಟಿಕ್ ಒಂದರಲ್ಲೇ ಈ ಗಾಯ ಏಕೆ ವಾಸಿಯಾಗದು ಎಂಬುದಕ್ಕೂ ಉತ್ತರ ಇಲ್ಲೇ ಇದೆ. ಔಷಧ ಹೋಗುವುದು ರಕ್ತದ ಮೂಲಕ, ಸತ್ತ ಮಾಂಸಕ್ಕೆ ರಕ್ತವೇ ಹೋಗುವುದಿಲ್ಲ.

ತೊಳೆಯಲು ಬಳಸುವುದು ಬರೀ ನಾರ್ಮಲ್ ಸಲೈನ್, ಅಂದರೆ ಉಪ್ಪುನೀರು. ಚರ್ಮ ಸೀಳಿ ಹೊರಬಂದ ಮೂಳೆ ಮುರಿತಗಳಲ್ಲಿ ಗಾಯದ ದರ್ಜೆ ನೋಡಿ 3, 6, 9 ಲೀಟರ್ ಎಂದು ಕಲಿಸುವುದು ರೂಢಿ. ಸಾಬೂನು ದ್ರಾವಣ ಮೇಲೇನೋ ಎಂದು ಅಂಥ ಸುಮಾರು 2,400 ರೋಗಿಗಳಲ್ಲಿ ಹೋಲಿಸಿದ ಅಧ್ಯಯನವೊಂದು 2015ರಲ್ಲಿ ಪ್ರಕಟವಾಯಿತು. ಸಾಬೂನು ಬಳಸಿದವರಿಗೇ ಮರು ಆಪರೇಷನ್ ಹೆಚ್ಚಾಗಿ ಬೇಕಾಯಿತು, ನೀರನ್ನು ಜೋರಾಗಿ ಚಿಮ್ಮಿಸಿದರೂ ಮೆಲ್ಲಗೆ ಬಿಟ್ಟರೂ ವ್ಯತ್ಯಾಸ ಕಾಣಲಿಲ್ಲ. ತೊಳೆದ ಮೇಲೆ ಗಾಯವನ್ನು ಹೊಲಿಯದೆ ಸಡಿಲವಾಗಿ ಜಾಳು ಬಟ್ಟೆ (ಗಾಜ್) ತುಂಬಿ ಬಿಡುತ್ತಾರೆ. ಹೊಲಿದರೆ ಉಳಿದ ಸೋಂಕನ್ನು ಒಳಗೇ ಕೂಡಿಹಾಕಿದಂತೆ.

ಮೂರನೆಯ ದಿನ ಮತ್ತೆ ಒಯ್ದದ್ದಕ್ಕೆ ಹೆದರಬೇಕಿಲ್ಲ. ಮೊದಲ ದಿನ ಸತ್ತದ್ದು, ಬದುಕಿದ್ದು ಎರಡರ ನಡುವೆ ಅನುಮಾನದ ಪಟ್ಟಿಯೊಂದು ಇದ್ದೇ ಇರುತ್ತದೆ. ಅದನ್ನೂ ತೆಗೆದುಬಿಟ್ಟರೆ ಉಳಿಯಬಹುದಾಗಿದ್ದ ಪಾದ ಹೋಗುತ್ತದೆ. ಹಾಗಾಗಿ ಬಿಟ್ಟು, 24ರಿಂದ 72 ಗಂಟೆಯೊಳಗೆ ಮತ್ತೆ ನೋಡುತ್ತಾರೆ. ಇದು ಮೊದಲೇ ಹಾಕಿಕೊಂಡ ಲೆಕ್ಕ. ಅದನ್ನು ಮನೆಯವರಿಗೆ ಮೊದಲೇ ಹೇಳದೆ ‘ಕ್ಲೀನ್ ಮಾಡಿದ್ದೇವೆ’ ಎಂದು ಸಾಗಹಾಕಿದ್ದು ಮಾತ್ರ ತಪ್ಪು. ನಾಲ್ಕನೆಯ, ಐದನೆಯ ಸಲವೂ ಕರೆದರೆ ಆಗ ಕಾರಣ ಕೇಳಿ: ಕೀವಿನ ಗುಂಡಿ ಎಲ್ಲಾದರೂ ಉಳಿದಿದೆಯೇ, ಮೂಳೆಯಲ್ಲಿ ಸೋಂಕಿದೆಯೇ, ಪಾದಕ್ಕೆ ರಕ್ತ ಸಾಲುತ್ತಿಲ್ಲವೇ, ರೋಗಿ ಆ ಕಾಲನ್ನು ಊರಿ ಓಡಾಡುತ್ತಿದ್ದಾರೆಯೇ.

ರಕ್ತದ ವಿಚಾರ ಬಂದದ್ದರಿಂದ ಹೇಳಬೇಕು, ಎಲ್ಲ ಕಪ್ಪನ್ನೂ ಕತ್ತರಿಸಕೂಡದು. ಒಣಗಿ ಕರಿದಾಗಿ, ವಾಸನೆಯಾಗಲಿ ಕೀವಾಗಲಿ ಇಲ್ಲದ ಬೆರಳನ್ನು, ಹಿಮ್ಮಡಿಯ ಮೇಲೆ ಗಟ್ಟಿಯಾಗಿ ಕೂತ ಕಪ್ಪು ಹಕ್ಕಳೆಯನ್ನು ಅವಸರದಿಂದ ಕೊಯ್ದರೆ, ರಕ್ತವಿಲ್ಲದ ಜಾಗದಲ್ಲಿ ಮಾಯದ ಹೊಸ ಗಾಯ ಮಾಡಿದಂತಾಗುತ್ತದೆ. ಮೊದಲು ಕಣಕಾಲಿನ ರಕ್ತದೊತ್ತಡವನ್ನು ತೋಳಿನದರಿಂದ ಭಾಗಿಸಿ ನೋಡುತ್ತಾರೆ. ಎಬಿಐ ಎಂದು ಬರೆದಿರುವುದು ಅದೇ. 0.9ಕ್ಕಿಂತ ಕಡಿಮೆಯಾದರೆ ರಕ್ತನಾಳ ಕಿರಿದಾಗಿದೆ. ಮಧುಮೇಹಿಗಳಲ್ಲಿ ನಾಳಕ್ಕೆ ಸುಣ್ಣ ಕಟ್ಟಿ ಗಟ್ಟಿಯಾಗಿರುವುದರಿಂದ ಈ ಅಂಕೆ ಸುಳ್ಳಾಗಿ ಏರಿರುತ್ತದೆ, 1.3 ದಾಟಿದ್ದರೆ ನಂಬಬಾರದು. ಆಗ ಕಾಲ್ಬೆರಳಿನ ಒತ್ತಡ ಅಳೆಯುತ್ತಾರೆ. ಅದು 30 ಮಿ.ಮೀ. ಪಾದರಸಕ್ಕಿಂತ ಕೆಳಗಿದ್ದರೆ ಮೊದಲು ರಕ್ತನಾಳದ ಚಿಕಿತ್ಸೆ, ಆಮೇಲೆ ಕತ್ತರಿ. ಒದ್ದೆಯಾಗಿ ನಾರುವ, ಜ್ವರ ಬರಿಸುವ ಗ್ಯಾಂಗ್ರೀನ್ ಇದ್ದರೆ ಮಾತ್ರ ಕಾಯುವಂತಿಲ್ಲ.

ಒಪ್ಪಿಗೆ ಪತ್ರದ ‘ಎಸ್‌ಒಎಸ್’ ಹಡಗಿನವರ ಅಪಾಯದ ಕೂಗಲ್ಲ. ‘ಸಿ ಓಪುಸ್ ಸಿಟ್’ ಎಂಬ ಲ್ಯಾಟಿನ್ ಮಾತಿನ ಮೊದಲಕ್ಷರಗಳು, ‘ಅಗತ್ಯ ಬಿದ್ದರೆ’ ಎಂದರ್ಥ. ಜ್ವರಕ್ಕೆ ಮಾತ್ರೆ ಬರೆಯುವಾಗಲೂ ವೈದ್ಯರು ಇದನ್ನೇ ಬಳಸುತ್ತಾರೆ. ನೀವು ಸಹಿ ಹಾಕಿದ್ದು ‘ಸತ್ತದ್ದನ್ನು ತೆಗೆಯಿರಿ, ಅಗತ್ಯ ಬಿದ್ದರೆ ಅಂಗವನ್ನೂ ತೆಗೆಯಿರಿ’ ಎಂಬುದಕ್ಕೆ. ಎಲ್ಲಿಯವರೆಗೆ ಎಂದು ಕೇಳಿ ಬರೆಸಿಕೊಳ್ಳುವ ಹಕ್ಕು ಸಹಿ ಹಾಕುವವರದು. ಒಂದು ಬೆರಳೇ, ಬೆರಳ ಜೊತೆ ಪಾದದ ಉದ್ದ ಮೂಳೆಯೇ, ಮೊಣಕಾಲ ಕೆಳಗೇ? ಬರೀ ‘ಆಂಪ್ಯುಟೇಶನ್’ ಎಂಬ ಪದ ಇವಿಷ್ಟನ್ನೂ ನುಂಗಿಕೊಂಡಿರುತ್ತದೆ.

ಕನ್ನಡದಲ್ಲಿ ಏನನ್ನೋಣ? ಸುಶ್ರುತ ಸಂಹಿತೆ ಎಂಟು ಬಗೆಯ ಶಸ್ತ್ರಕರ್ಮ ಹೇಳುತ್ತದೆ: ಛೇದ್ಯ, ಭೇದ್ಯ, ಲೇಖ್ಯ, ವೇಧ್ಯ, ಏಷ್ಯ, ಆಹಾರ್ಯ, ವಿಸ್ರಾವ್ಯ, ಸೀವ್ಯ. ನಿಮ್ಮ ತಂದೆಯವರಿಗಾದದ್ದನ್ನು ಇದರ ಪಕ್ಕದಲ್ಲಿಟ್ಟು ನೋಡಿ. ಸಲಾಕೆ ತೂರಿಸಿದ್ದು ಏಷಣ, ಸೀಳಿದ್ದು ಭೇದನ, ಕೀವು ಹರಿಸಿದ್ದು ವಿಸ್ರಾವಣ, ಕತ್ತರಿಸಿದ್ದು ಛೇದನ, ಮೂಳೆ ಕೆರೆದದ್ದು ಲೇಖನ. ಮಾಡದೆ ಬಿಟ್ಟದ್ದು ಸೀವನ. ಒಳಗೆ ಶಲ್ಯ (ಹೊರಗಿನಿಂದ ಹೊಕ್ಕ ವಸ್ತು) ಉಳಿದ ಗಾಯವನ್ನು ಹೊಲಿಯಬಾರದು ಎಂದು ಸಂಹಿತೆಯೂ ಹೇಳುತ್ತದೆ. ಒಟ್ಟು ಕ್ರಿಯೆಗೆ ‘ವ್ರಣಶೋಧನ’ ಹತ್ತಿರದ ಮಾತು. ಆದರೆ ಅದು ಕಷಾಯದಲ್ಲಿ ತೊಳೆಯುವುದನ್ನೂ ಒಳಗೊಳ್ಳುತ್ತದೆ, ಅಲ್ಲದೆ ಓದಿದವರ ಕಿವಿಗೆ ಮತ್ತೆ ‘ಶುದ್ಧಿ’ ಎಂದೇ ಬೀಳುತ್ತದೆ. ನಿಘಂಟಿನಿಂದ ನೀವು ಕೇಳುವ ಒಂಟಿ ಪದ ಇಲ್ಲಿ ಕೆಲಸಕ್ಕೆ ಬಾರದು ಎಂಬುದು ನಮ್ಮ ಅಭಿಪ್ರಾಯ. ಹಳ್ಳಿಯ ಹೆಂಗಸರು ‘ಸತ್ತ ಮಾಂಸ ಕೊಯ್ದು ತೆಗೆದ್ರು’ ಎನ್ನುತ್ತಾರೆ. ಇದಕ್ಕಿಂತ ನಿಖರವಾದ ಅನುವಾದ ನಮಗೆ ಸಿಕ್ಕಿಲ್ಲ. ಮುಂದಿನ ಸಂಚಿಕೆಯಿಂದ ‘ಡಿಬ್ರೈಡ್‌ಮೆಂಟ್’ ಎಂದೇ ಅಚ್ಚು ಹಾಕಿ, ಮೊದಲ ಸಲ ಬಂದಲ್ಲಿ ಈ ಮಾತನ್ನು ಪಕ್ಕದಲ್ಲಿ ಕೊಡುತ್ತೇವೆ.

ಮನೆಗೆ ಬರುವ ಸಿಸ್ಟರ್ ಡ್ರೆಸ್ಸಿಂಗ್ ಮಾಡುವಾಗ ಹಳದಿ ಲೋಳೆ ಕತ್ತರಿಸುತ್ತಾರೆ, ಅದೂ ಡಿಬ್ರೈಡ್‌ಮೆಂಟೇ ಎಂದು ಕೊನೆಯಲ್ಲಿ ಕೇಳಿದ್ದೀರಿ. ಹೌದು. ಆ ಲೋಳೆಗೆ ಸ್ಲಫ್ ಎನ್ನುತ್ತಾರೆ. ಪಪ್ಪಾಯಿ ಹಾಲಿನಿಂದ ತೆಗೆದ ಪಪೈನ್ ಇರುವ ಮುಲಾಮು, ಜೆಲ್‌ಗಳು ಅದನ್ನು ನಿಧಾನವಾಗಿ ಕರಗಿಸುತ್ತವೆ. ಕೆಳಗೆ ದಾಳಿಂಬೆ ಕಾಳಿನಂತೆ ಕೆಂಪಗೆ, ಹರಳುಹರಳಾಗಿ ಹೊಸ ಮಾಂಸ ಕಂಡರೆ ಕತ್ತರಿ ಅಲ್ಲಿಗೆ ನಿಲ್ಲಬೇಕು. ಹೈಡ್ರೋಜನ್ ಪೆರಾಕ್ಸೈಡನ್ನೂ ಅದರ ಮೇಲೆ ಸುರಿಯಬಾರದು, ಹುಟ್ಟುತ್ತಿರುವುದನ್ನೇ ಸುಡುತ್ತದೆ. ನಾಲ್ಕು ವಾರದಲ್ಲಿ ಗಾಯ ಅರ್ಧದಷ್ಟೂ ಕಿರಿದಾಗದಿದ್ದರೆ ಶಸ್ತ್ರವೈದ್ಯರಿಗೆ ಮತ್ತೆ ತೋರಿಸಿ. ಡ್ರೆಸ್ಸಿಂಗ್ ಬಿಚ್ಚಿದಾಗ ತುಸು ರಕ್ತ ಜಿನುಗುವುದು ಸಹಜ. ಧಾರೆಯಾಗಿ ಬಂದರೆ ಕಾಲನ್ನು ಎತ್ತರಕ್ಕಿಟ್ಟು, ಚೊಕ್ಕ ಬಟ್ಟೆಯಿಂದ ಹತ್ತು ನಿಮಿಷ ಮಧ್ಯೆ ತೆಗೆದು ನೋಡದೆ ಅದುಮಿ ಹಿಡಿಯಿರಿ. ಅಷ್ಟಾದರೂ ಬಟ್ಟೆ ತೊಯ್ಯುತ್ತಿದ್ದರೆ, ಅದರಲ್ಲೂ ಅವರು ರಕ್ತ ತೆಳುವಾಗುವ ಮಾತ್ರೆಯಲ್ಲಿದ್ದರೆ, ಕಟ್ಟು ಬಿಗಿದು ನೇರ ಆಸ್ಪತ್ರೆಗೆ ಹೊರಡಿ.

— ಸಂಪಾದಕ