ಒತ್ತಕ್ಷರಕ್ಕೆ ಬಿಟ್ಟ ಜಾಗ

ಮಾನ್ಯರೆ,

ಹಾಸನದಲ್ಲಿ ಯಾವ ಸಂಸ್ಥೆಯ ಆಸರೆಯೂ ಇಲ್ಲದೆ ಹದಿನೈದು ವರ್ಷಗಳಿಂದ ಚಿತ್ರ ಬರೆಯುತ್ತ ಬಂದ ಬಗೆಯನ್ನು ಕುರಿತು ನೀವು ಕಳಿಸಿದ ಒಂಬತ್ತು ಪುಟಗಳ ಆತ್ಮಕಥನವನ್ನು ಎರಡು ಸಲ ಓದಿದೆ. ಈಗಿರುವ ರೂಪದಲ್ಲಿ ಅದನ್ನು ಪ್ರಕಟಿಸಲಾರೆವು. ಹಾಗೆಂದು ಹಿಂದಿರುಗಿಸಿ ಸುಮ್ಮನಾಗಲೂ ಮನಸ್ಸು ಬರಲಿಲ್ಲ. ಅದಕ್ಕೆ ಕಾರಣ ಆರನೆಯ ಪುಟದ ಎರಡು ವಾಕ್ಯಗಳು.

ಮೊದಲ ಐದು ಪುಟಗಳಲ್ಲಿ ‘ಅಸ್ಮಿತೆ’ ಎಂಬ ಪದ ಹನ್ನೊಂದು ಸಲ ಬಂದಿದೆ (ಎಣಿಸಿದ್ದಕ್ಕೆ ಕ್ಷಮೆಯಿರಲಿ, ಇದು ನನ್ನ ಹಳೆಯ ಚಾಳಿ). ‘ಛಲ’ವೂ ಅದಕ್ಕೆ ಸರಿಸಮನಾಗಿದೆ. ಆದರೆ ನೀವು ಯಾರು, ಏನನ್ನು ತಾಳಿಕೊಂಡಿರಿ ಎಂಬುದು ಅಲ್ಲೆಲ್ಲೂ ಕಾಣುವುದಿಲ್ಲ. ಆರನೆಯ ಪುಟದಲ್ಲಿ ಮಾತ್ರ, ಬೋರ್ಡು ಬರೆಯುತ್ತಿದ್ದ ನಿಮ್ಮ ತಂದೆ ಸೀಮೆಸುಣ್ಣ ಬಳಿದ ದಾರವನ್ನು ತಗಡಿನ ಮೇಲೆ ಬಿಗಿಯಾಗಿ ಹಿಡಿದು, ಚಿಮ್ಮಿಸಿ ಗೆರೆ ಹಾಕುತ್ತಿದ್ದರೆಂದೂ, ಇನ್ನೊಂದು ತುದಿ ಹಿಡಿದಿರುತ್ತಿದ್ದ ನಿಮಗೆ ‘ಮೊದಲು ಒತ್ತಕ್ಷರ ಎಣಿಸು, ಆಮೇಲೆ ಗೆರೆ’ ಎನ್ನುತ್ತಿದ್ದರೆಂದೂ ಹೇಳಿ, ಮರುವಾಕ್ಯದಲ್ಲೇ ಫ್ಲೆಕ್ಸ್ ಬಂದು ಅವರ ಕೆಲಸ ಹೋಯಿತೆಂದು ಮುಗಿಸಿಬಿಟ್ಟಿದ್ದೀರಿ.

ನೀವು ಅಲ್ಲಿ ನಿಲ್ಲಬೇಕಿತ್ತು. ‘ಲಕ್ಷ್ಮೀ’ ಎಂದು ಬರೆಯುವವರು ಕಕಾರದ ಕೆಳಗೆ ಷ, ಮ ಎರಡಕ್ಕೂ ಮೊದಲೇ ಜಾಗ ಬಿಡದಿದ್ದರೆ ಕೆಳಗಿನ ಸಾಲು ಕೆಡುತ್ತದೆಂಬುದು ಆ ಕಸುಬಿನ ಮನೆಯಲ್ಲಿ ಬೆಳೆದವರು ಮಾತ್ರ ಹೇಳಬಲ್ಲ ಸಂಗತಿ. ಇಂದಿಗೂ ನಿಮ್ಮ ಚಿತ್ರಗಳ ಕೆಳಭಾಗವನ್ನು ಖಾಲಿ ಬಿಡುವುದಕ್ಕೆ ಎಂಟನೆಯ ಪುಟದಲ್ಲಿ ‘ಶೂನ್ಯದ ಹುಡುಕಾಟ’ವೆಂಬ ಕಾರಣ ಕೊಟ್ಟಿದ್ದೀರಿ, ನನಗದು ನಂಬಿಕೆಯಾಗಲಿಲ್ಲ. ಅದು ಆ ದಾರದ ತುದಿಯಿಂದ ನಿಮ್ಮ ಕೈಗೆ ಬಂದ ರೂಢಿಯಿರಬಹುದೇ?

ಬೇಲೂರಿನ ‘ಅನಾಮಿಕ ಶಿಲ್ಪಿಗಳಂತೆ ನಾನೂ’ ಎಂಬ ಮಾತು ಕೇಳಲು ಚೆನ್ನಾಗಿದೆ, ಆದರೆ ಸರಿಯಲ್ಲ. 1117ರಲ್ಲಿ ಪ್ರತಿಷ್ಠೆಯಾದ ಚೆನ್ನಕೇಶವ ದೇವಾಲಯದ ಮದನಿಕೆಗಳಲ್ಲಿ ಹಲವಕ್ಕೆ ರೂವಾರಿಗಳ ಸಹಿಯಿದೆ, ಅದೂ ಬಿರುದುಗಳ ಸಮೇತ. ಬಳ್ಳಿಗಾವೆಯ ದಾಸೋಜ, ಅವನ ಮಗ ಚಾವಣ ಇಬ್ಬರ ಹೆಸರೂ ಅಲ್ಲಿವೆ. ತಂದೆಯ ಕಸುಬನ್ನು ಮುಂದುವರಿಸಿ, ತನ್ನ ಹೆಸರನ್ನು ಬೇರೆಯಾಗಿಯೇ ಕೊರೆದ ಮಗನೊಬ್ಬ ನಿಮ್ಮ ಊರಿನಿಂದ ಬಸ್ಸಿನಲ್ಲಿ ಒಂದು ಗಂಟೆಯ ದಾರಿಯಲ್ಲಿರುವಾಗ, ಅನಾಮಿಕರನ್ನು ಕಲ್ಪಿಸಿಕೊಳ್ಳುವ ಅಗತ್ಯ ನಿಮಗಿರಲಿಲ್ಲ.

ಪ್ರದರ್ಶನಕ್ಕೆ ಅವಕಾಶ ಕೊಡದವರ ಹೆಸರು, ಹುದ್ದೆಗಳನ್ನು ತೆಗೆದುಹಾಕಿ. ‘ಸೋಲೇ ಗೆಲುವಿನ ಸೋಪಾನ’ ಎಂಬ ಕೊನೆಯ ಸಾಲನ್ನೂ.

ಬೋರ್ಡು ಬರೆಯುವವರು ಬಲಮೂಲೆಯಲ್ಲಿ ಸಣ್ಣದಾಗಿ ಹೆಸರು ಹಾಕುವುದುಂಟು. ನಿಮ್ಮ ತಂದೆ ಹಾಕುತ್ತಿದ್ದರೇ ಎಂಬುದನ್ನು ಒಂಬತ್ತು ಪುಟಗಳಲ್ಲಿ ಎಲ್ಲಿಯೂ ಹೇಳಿಲ್ಲ. ಅವರು ಬರೆದ ಬೋರ್ಡು ಪೇಟೆಯ ಯಾವುದಾದರೂ ಅಂಗಡಿಯ ಮೇಲೆ, ಫ್ಲೆಕ್ಸಿನ ಹಿಂದಾದರೂ ಸರಿ, ಇನ್ನೂ ಉಳಿದಿದ್ದರೆ ಆ ಮೂಲೆಯನ್ನು ನೋಡಿ ಬಂದು, ಆರನೆಯ ಪುಟದಿಂದ ಮತ್ತೆ ಬರೆದು ಕಳಿಸಿ. ನಾಲ್ಕು ಪುಟ ಸಾಕು.

ಇಂತಿ,
ಸಂಪಾದಕ